ಗಾಜಿನ ಹಾಳೆಯ ಮೇಲೆ ಕಟ್ಟಿದ ಪಣ

ಟಿವಿ ಕೊಳ್ಳಲು ಅಂಗಡಿಗೆ ಹೋದವರೆಲ್ಲ ಗಮನಿಸಿರುತ್ತೀರಿ, ವರ್ಷಗಳು ಕಳೆದಂತೆ ಪರದೆ ದೊಡ್ಡದಾಗಿದೆ, ಬೆಲೆ ಇಳಿದಿದೆ. ಕೊಳ್ಳುವವರಿಗೆ ಒಳ್ಳೆಯದೇ. ಆ ಪರದೆಯ ಪ್ಯಾನೆಲ್ ತಯಾರಿಸುವವರ ಗತಿ ಏನಾಯಿತು? ಜಪಾನಿನ ಒಂದು ಕಾರ್ಖಾನೆಯನ್ನು ಮುಂದಿಟ್ಟುಕೊಂಡು ನೋಡೋಣ.

ಶಾರ್ಪ್ ಕಂಪನಿ 1973ರಷ್ಟು ಹಿಂದೆಯೇ ದ್ರವಸ್ಫಟಿಕದ (ಎಲ್‌ಸಿಡಿ) ಪರದೆಯ ಕ್ಯಾಲ್ಕುಲೇಟರ್ ಮಾರಿತ್ತು. ಈ ವಿದ್ಯೆ ಅದಕ್ಕೆ ಕರಗತ. 2009ರಲ್ಲಿ ಒಸಾಕಾ ಪ್ರಾಂತ್ಯದ ಸಕಾಯಿಯಲ್ಲಿ ಹೊಸ ಕಾರ್ಖಾನೆ ತೆರೆಯಿತು. ಅಲ್ಲಿನ ಗಾಜಿನ ಹಾಳೆ 2880 ಮಿ.ಮೀ. ಅಗಲ, 3130 ಮಿ.ಮೀ. ಉದ್ದ, ಆಗ ಜಗತ್ತಿನಲ್ಲೇ ಅತಿ ದೊಡ್ಡದು. ಒಂದು ಹಾಳೆಯ ಮೇಲೆ ಹಲವು ಪ್ಯಾನೆಲ್‌ಗಳನ್ನು ಒಟ್ಟಿಗೆ ರೂಪಿಸಿ ಆಮೇಲೆ ಕತ್ತರಿಸುತ್ತಾರೆ. ಹಾಳೆ ದೊಡ್ಡದಾದಷ್ಟೂ ಒಂದೊಂದು ಪ್ಯಾನೆಲ್ ಮೇಲೆ ಬೀಳುವ ಖರ್ಚು ಕಡಿಮೆ.

ಈ ಲೆಕ್ಕ ಕೂಡಿಬರುವುದು ಯಂತ್ರಗಳು ಹಗಲಿರುಳು ಓಡಿದರೆ ಮಾತ್ರ. ಓಡಲಿ ಬಿಡಲಿ, ಸಾಲದ ಬಡ್ಡಿ ನಿಲ್ಲುವುದಿಲ್ಲ, ಯಂತ್ರಗಳ ಸವಕಳಿಯೂ ನಿಲ್ಲುವುದಿಲ್ಲ. ಹಾಗಾಗಿ ಬೆಲೆ ಬಿದ್ದರೂ ಉತ್ಪಾದನೆ ನಿಲ್ಲಿಸಲು ಯಾರಿಗೂ ಮನಸ್ಸಾಗದು. ಬೆಲೆ ಏರಿದಾಗ ಎಲ್ಲರೂ ಹೊಸ ಕಾರ್ಖಾನೆ ಕಟ್ಟಲು ಹೊರಡುತ್ತಾರೆ. ಕಟ್ಟಿ ಮುಗಿಯುವಷ್ಟರಲ್ಲಿ ಮಾಲು ಮಾರುಕಟ್ಟೆಯಲ್ಲಿ ತುಂಬಿ ತುಳುಕುತ್ತದೆ. ಕೋಲಾರದ ಟೊಮೆಟೊ ಬೆಳೆಗಾರರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಆದರೆ ರೈತ ಮುಂದಿನ ಹಂಗಾಮಿಗೆ ಬೇರೆ ಬೆಳೆ ಹಾಕಬಹುದು, ಪ್ಯಾನೆಲ್ ಯಂತ್ರದಲ್ಲಿ ಪ್ಯಾನೆಲ್ ಬಿಟ್ಟು ಬೇರೇನೂ ಬೆಳೆಯದು.

ಸಕಾಯಿಗೆ ಕಾಲವೂ ಕೂಡಿಬರಲಿಲ್ಲ. ಜಪಾನಿನಲ್ಲಿ ಟಿವಿ ಕೊಳ್ಳುವವರಿಗೆ ಸರ್ಕಾರ ಕೊಡುತ್ತಿದ್ದ ಪ್ರೋತ್ಸಾಹ 2011ರ ಮಾರ್ಚಿಗೆ ಮುಗಿಯಿತು. ಜುಲೈನಲ್ಲಿ ಹಳೆಯ ಅನಲಾಗ್ ಪ್ರಸಾರ ಬಹುತೇಕ ನಿಂತಿತು. ಹೊಸ ಟಿವಿ ಬೇಕಾದವರೆಲ್ಲ ಅಷ್ಟರಲ್ಲಿ ಕೊಂಡಾಗಿತ್ತು. ಮಾರಾಟ ಕುಸಿಯಿತು. ಯೆನ್ ಬಲವಾಗಿದ್ದರಿಂದ ರಫ್ತೂ ಗಿಟ್ಟಲಿಲ್ಲ. 2012ರ ಮಾರ್ಚಿಗೆ ಮುಗಿದ ವರ್ಷ ಶಾರ್ಪ್‌ಗೆ ಸುಮಾರು 37,600 ಕೋಟಿ ಯೆನ್ ನಷ್ಟ, ಮರುವರ್ಷ 54,500 ಕೋಟಿ. 2016ರಲ್ಲಿ ಇಡೀ ಕಂಪನಿಯ ಹಿಡಿತ ತೈವಾನಿನ ಫಾಕ್ಸ್‌ಕಾನ್ ಪಾಲಾಯಿತು.

ಅತ್ತ ಚೀನಾದ ಬಿಒಇ ಕಂಪನಿ 2017ರ ಕೊನೆಗೆ ಹೆಫೈ ನಗರದಲ್ಲಿ ಇನ್ನೂ ದೊಡ್ಡ ಗಾಜಿನ ಹಾಳೆ ಬಳಸುವ ಕಾರ್ಖಾನೆ ಆರಂಭಿಸಿತು. ಹಾಳೆಯ ಅಳತೆ 2940ಕ್ಕೆ 3370 ಮಿ.ಮೀ. ಅಗಲದಲ್ಲಿ ಹೆಚ್ಚಿದ್ದು ಬರೀ 6 ಸೆಂ.ಮೀ., ಉದ್ದದಲ್ಲಿ 24. ಆದರೆ ಸಕಾಯಿಯ ಹಾಳೆಯಲ್ಲಿ 65 ಇಂಚಿನ ಪ್ಯಾನೆಲ್ ಆರೇ ಹಿಡಿಸುತ್ತಿದ್ದವು, ಇದರಲ್ಲಿ ಎಂಟು. ಸಕಾಯಿಯಲ್ಲೂ ಎಂಟು ಬರುತ್ತಿದ್ದವು, 60 ಇಂಚಿನವು. ಜನ 65ನ್ನೇ ಮೆಚ್ಚಿದರು. ಕಟ್ಟುವಾಗ ಗೊತ್ತುಮಾಡಿದ ಗಾಜಿನ ಅಳತೆಯನ್ನು ಆಮೇಲೆ ಬದಲಿಸಲಾಗದು. ಮುಂದಿನ ದಶಕದಲ್ಲಿ ಜನ ಎಂಥ ಟಿವಿ ಬಯಸುತ್ತಾರೆಂದು ಅಂದೇ ಊಹಿಸಬೇಕು. ಈ ಉದ್ಯಮದ ಅತಿ ದುಬಾರಿ ನಿರ್ಧಾರ ಇದೇ ಎಂದು ನನ್ನ ಎಣಿಕೆ. ಹೆಫೈಯಲ್ಲಿ ಸ್ಥಳೀಯ ಸರ್ಕಾರವೇ ಬಂಡವಾಳ ಹಾಕಿ ಬಿಒಇಯ ಬೆನ್ನಿಗೆ ನಿಂತಿತು. ನಷ್ಟದ ವರ್ಷಗಳನ್ನು ದಾಟಲು ಅಂಥ ಬೆಂಬಲ ಬೇಕು. ಅದರ ಮುಂದೆ ಕೊರಿಯಾದವರೂ ನಿಲ್ಲಲಿಲ್ಲ. ಸ್ಯಾಮ್‌ಸಂಗ್ 2022ರಲ್ಲಿ ಎಲ್‌ಸಿಡಿ ಪ್ಯಾನೆಲ್ ತಯಾರಿಕೆ ಬಿಟ್ಟಿತು. ಎಲ್‌ಜಿ ತನ್ನ ಗುವಾಂಗ್‌ಝೌ ಕಾರ್ಖಾನೆಯನ್ನು ಚೀನಾದ ಟಿಸಿಎಲ್ ಬಳಗಕ್ಕೆ ಮಾರಿ ಒಎಲ್‌ಇಡಿ ಎಂಬ ಬೇರೆ ಬಗೆಯ ಪರದೆಯತ್ತ ತಿರುಗಿತು. ಸಕಾಯಿಯಲ್ಲಿ 2024ರಲ್ಲಿ ಪ್ಯಾನೆಲ್ ತಯಾರಿಕೆ ನಿಂತಿತು.

ವಿದ್ಯೆಯೊಂದೇ ಸಾಲದು ಎನ್ನುವುದಕ್ಕೆ ನಮ್ಮ ಬೆಂಗಳೂರೂ ಸಾಕ್ಷಿ. ತಟ್ಟೆಯಾಕಾರದ ಅಣುಗಳ ದ್ರವಸ್ಫಟಿಕವನ್ನು 1977ರಲ್ಲಿ ಕಂಡುಹಿಡಿದದ್ದು ಇಲ್ಲಿನ ರಾಮನ್ ಸಂಶೋಧನಾ ಸಂಸ್ಥೆಯಲ್ಲಿ, ಎಸ್. ಚಂದ್ರಶೇಖರ್ ಮತ್ತು ಸಂಗಡಿಗರು. ಪರದೆಯನ್ನು ಪಕ್ಕದಿಂದ ನೋಡಿದರೂ ಚಿತ್ರ ಮಸುಕಾಗದಂತೆ ಮಾಡುವ ಪದರವನ್ನು ಅಂಥ ಅಣುಗಳಿಂದಲೇ ತಯಾರಿಸಿ ಮಾರಿದ್ದು ಜಪಾನಿನ ಫ್ಯೂಜಿಫಿಲ್ಮ್.

ಭಾರತ ಸರ್ಕಾರ 2021ರ ಡಿಸೆಂಬರಿನಲ್ಲಿ ಪ್ರಕಟಿಸಿದ 76,000 ಕೋಟಿ ರೂಪಾಯಿಯ ಯೋಜನೆಯಲ್ಲಿ ಸೆಮಿಕಂಡಕ್ಟರ್ ಚಿಪ್ ಕಾರ್ಖಾನೆಯ ಜೊತೆಗೆ ಪ್ಯಾನೆಲ್ ಕಾರ್ಖಾನೆಗೂ ನೆರವು ಸೇರಿತ್ತು. ಅಂಥದ್ದೊಂದು ನಮ್ಮಲ್ಲಿ ಬರಲೇಬೇಕೆಂಬ ಆಸೆ ನನ್ನದು. ಆ ಸುದ್ದಿ ಬಂದ ದಿನ ಹೂಡಿಕೆ ಎಷ್ಟು, ಉದ್ಯೋಗ ಎಷ್ಟು ಎಂದಷ್ಟೇ ಕೇಳಿ ಸುಮ್ಮನಾಗಬೇಡಿ. ಬೆಲೆ ಬಿದ್ದಾಗ ನಷ್ಟ ತುಂಬುವವರು ಯಾರು, ಎಷ್ಟು ವರ್ಷ ತುಂಬುತ್ತಾರೆ ಎಂದೂ ಕೇಳಿ.