ಹೆಣ ಹೊರುವವರು ಯಾರು?

(ಹುಲಿಕೆರೆಯ ಸಭೆಯಲ್ಲಿ ಮಾಡಿದ ಭಾಷಣ)

ಬೇಲೂರಿನ ಗುಡಿಯಲ್ಲಿ ದಾಸೋಜ, ಚಾವಣ ಎಂಬ ಶಿಲ್ಪಿಗಳು ತಾವು ಕಡೆದ ವಿಗ್ರಹಗಳ ಕೆಳಗೆ ತಮ್ಮ ಹೆಸರನ್ನು ಕೆತ್ತಿ ಹೋದರು. ಗಿರಣಿಯ ಬಟ್ಟೆಯ ಮೇಲಾದರೋ ನೇಯ್ದವನ ಹೆಸರು ಇರುವುದಿಲ್ಲ. ಸಿನಿಮಾದಲ್ಲಿಯೂ ಹಾಗೆಯೇ. ನಟನ ಹೆಸರು ನೋಡಿ ನಾವು ಟಿಕೀಟು ಕೊಳ್ಳುತ್ತೇವೆ. ಚಿತ್ರಕಥೆ ಬರೆದವನ ಹೆಸರು ಪರದೆಯ ಮೇಲೆ ಬರುವಾಗ ಕಡಲೆಕಾಯಿ ಸುಲಿಯುತ್ತಿರುತ್ತೇವೆ. ಅಂಥ ಕೆಲಸ ಮಾಡಿದ ಗಿರೀಶ ಕಾರ್ನಾಡರ ವಿಷಯವಾಗಿ ಇಂದು ನಾಲ್ಕು ಮಾತು ಆಡೋಣ.

೧೯೪೮ರಲ್ಲಿ ಇಟಲಿಯಲ್ಲಿ 'ಬೈಸಿಕಲ್ ಥೀವ್ಸ್' ಎಂಬ ಚಿತ್ರ ಬಂದಿತು. ನಿರ್ದೇಶಕ ಡಿ ಸಿಕಾ. ಚಿತ್ರಕಥೆ ಬರೆದವರಲ್ಲಿ ಪ್ರಮುಖ ಝವಾಟಿನಿ. ಸೈಕಲ್ಲು ಕಳುವಾದರೆ ಕೂಲಿಗಾರನ ಕೆಲಸವೂ ಹೋಗುತ್ತದೆ, ಕಥೆ ಇಷ್ಟೇ. ನಾಯಕನಾಗಿ ನಟಿಸಿದವನೂ ಕಾರ್ಖಾನೆಯ ಕಾರ್ಮಿಕನೇ. ೧೯೫೨ರ ಚಿತ್ರೋತ್ಸವದಲ್ಲಿ ಅದು ನಮ್ಮ ದೇಶಕ್ಕೂ ಬಂದಿತು. ಬಡವನ ಬಾಳೇ ಕಥೆಯಾಗಬಲ್ಲುದು ಎಂಬ ಧೈರ್ಯ ನಮ್ಮವರಿಗೂ ಹುಟ್ಟಿತು.

ಕನ್ನಡದಲ್ಲಿ ಆ ಧೈರ್ಯ ೧೯೭೦ರಲ್ಲಿ 'ಸಂಸ್ಕಾರ'ವಾಗಿ ಕಾಣಿಸಿತು. ಕಾದಂಬರಿ ಅನಂತಮೂರ್ತಿಯವರದು, ನಿರ್ದೇಶನ ಲೋಹಿಯಾ ಅನುಯಾಯಿ ಪಟ್ಟಾಭಿರಾಮ ರೆಡ್ಡಿಯವರದು, ಚಿತ್ರಕಥೆ ಕಾರ್ನಾಡರದು. ಕಾದಂಬರಿಯಲ್ಲಿ ಪ್ರಾಣೇಶಾಚಾರ್ಯರ ತೊಳಲಾಟ ಪುಟಗಟ್ಟಲೆ ನಡೆಯುತ್ತದೆ. ಆದರೆ ಪರದೆಯ ಮೇಲೆ ಮನಸ್ಸು ಕಾಣುವುದಿಲ್ಲ. ಮುಖ ಕಾಣುತ್ತದೆ, ಬೀದಿ ಕಾಣುತ್ತದೆ, ಹೆಣ ಕಾಣುತ್ತದೆ. ಒಳಗಿನದನ್ನು ಕಣ್ಣಿಗೆ ಕಾಣಿಸುವುದೇ ಚಿತ್ರಕಥೆ ಬರೆಯುವವನ ದುಡಿಮೆ.

ಕಥೆ ನಿಮಗೆ ಗೊತ್ತು. ಜಾತಿ ಕೆಟ್ಟ ನಾರಣಪ್ಪ ಸತ್ತ. ಹೆಣ ಎತ್ತುವ ತನಕ ಅಗ್ರಹಾರದವರಿಗೆ ಊಟವಿಲ್ಲ; ಎತ್ತಲು ಮಾತ್ರ ಯಾರೂ ಮುಂದೆ ಬಾರರು. ಚಂದ್ರಿ ಚಿನ್ನ ಬಿಚ್ಚಿಟ್ಟಾಗ ಅದೇ ಧರ್ಮಿಷ್ಠರಿಗೆ ಆಸೆ ಹುಟ್ಟುತ್ತದೆ. ಕಡೆಗೆ ಕಾದಂಬರಿಯಲ್ಲಿ ರಾತ್ರೋರಾತ್ರಿ ಆ ಹೆಣವನ್ನು ಸುಟ್ಟವನು ಮೀನು ಮಾರುವ ಒಬ್ಬ ಮುಸಲ್ಮಾನ. ನಿಮ್ಮಂತೆಯೇ ಸಣ್ಣ ವ್ಯಾಪಾರಿ! ಶಾಸ್ತ್ರ ಓದಿದವರು ಮಾಡದುದನ್ನು ಅವನು ಮಾಡಿದ.

ಇದನ್ನು ತೋರಿಸಿದ್ದಕ್ಕೆ ಮದ್ರಾಸಿನ ಸೆನ್ಸಾರು ಚಿತ್ರವನ್ನೇ ತಡೆಯಿತು. ತಡೆ ತೆರವಾದ ಮೇಲೆ ಅದೇ ಚಿತ್ರಕ್ಕೆ ರಾಷ್ಟ್ರದ ಸ್ವರ್ಣಕಮಲ ಬಂದಿತು. ಚಂದ್ರಿಯಾಗಿ ನಟಿಸಿದ ಸ್ನೇಹಲತಾ ರೆಡ್ಡಿಯವರು ತುರ್ತು ಪರಿಸ್ಥಿತಿಯಲ್ಲಿ ಬೆಂಗಳೂರಿನ ಜೈಲು ಕಂಡರು. ಕಾಯಿಲೆಯಿಂದ ಹೊರಬಂದು ೧೯೭೭ರ ಜನವರಿಯಲ್ಲಿ ತೀರಿಕೊಂಡರು. ಕಲೆಗೆ ತೆತ್ತ ಬೆಲೆ, ಸಮಾಜವಾದಕ್ಕೆ ತೆತ್ತ ಬೆಲೆ ಬೇರೆ ಬೇರೆಯಲ್ಲ.

ಕಾರ್ನಾಡರು ಅಲ್ಲಿಗೇ ನಿಲ್ಲಲಿಲ್ಲ. ೧೯೭೩ರಲ್ಲಿ 'ಕಾಡು' ನಿರ್ದೇಶಿಸಿ, ಎರಡು ಹಳ್ಳಿಗಳ ಹಗೆತನವನ್ನು ಒಬ್ಬ ಹುಡುಗನ ಕಣ್ಣಿಂದ ತೋರಿಸಿದರು. ೧೯೭೭ರ 'ಭೂಮಿಕಾ'ದಲ್ಲಿ ಒಬ್ಬ ನಟಿಯ ಬದುಕು ಕುರಿತ ಚಿತ್ರಕಥೆಗಾಗಿ ಬೆನೆಗಲ್, ದುಬೆಯವರೊಡನೆ ರಾಷ್ಟ್ರಪ್ರಶಸ್ತಿ ಹಂಚಿಕೊಂಡರು. ೧೯೭೬ರ 'ಮಂಥನ'ದಲ್ಲಿ ಅವರು ಬರೆಯಲಿಲ್ಲ, ನಟಿಸಿದರು. ಆದರೆ ಆ ಚಿತ್ರದ ಬಂಡವಾಳ ಕೇಳಿ: ಗುಜರಾತಿನ ೫ ಲಕ್ಷ ಹಾಲು ಉತ್ಪಾದಕರು ತಲಾ ೨ ರೂಪಾಯಿ ಹಾಕಿದ ಹಣ. ಸಾಹುಕಾರನ ಬಾಗಿಲು ಕಾಯದೆಯೂ ಸಿನಿಮಾ ತೆಗೆಯಬಹುದು! ೨೦೧೯ರ ಜೂನ್ ೧೦ರಂದು ಕಾರ್ನಾಡರು ತೀರಿಕೊಂಡರು. ಅದಕ್ಕೆ ಹಿಂದಿನ ವರ್ಷವೂ, ಮೂಗಿಗೆ ಆಮ್ಲಜನಕದ ಕೊಳವೆ ಇದ್ದಂತೆಯೇ, ಗೌರಿ ಲಂಕೇಶರ ನೆನಪಿನ ಸಭೆಗೆ ಬಂದು ಪ್ರತಿಭಟಿಸಿದ್ದರು.

ಬಂಧುಗಳೇ, ಚಪ್ಪಾಳೆ ಸಾಕು. ನಮ್ಮ ಪ್ರಶ್ನೆ ಒಂದೇ. ನಮ್ಮ ಬೀದಿಯಲ್ಲಿ ಬೇರೆ ಜಾತಿಯವನೊಬ್ಬ ಸತ್ತರೆ ನಮ್ಮಲ್ಲಿ ಎಷ್ಟು ಮಂದಿ ಹೆಗಲು ಕೊಡುತ್ತೇವೆ? ಯೂನಿಯನ್ ಚಂದಾ ಒಟ್ಟಿಗೆ ಕೊಡುವ ನಾವು ಸ್ಮಶಾನಕ್ಕೆ ಬೇರೆ ಬೇರೆ ದಾರಿ ಹಿಡಿಯುತ್ತೇವೆಯೇ? ಇದಕ್ಕೆ ಉತ್ತರ ಹೇಳಲಾರದ ಸಮಾಜವಾದ ಬರಿಯ ಬಾವುಟ. ಆದುದರಿಂದ, ಬನ್ನಿ, ನಾವೂ ತಲಾ ೨ ರೂಪಾಯಿಯಿಂದಲೇ ಆರಂಭಿಸಿ 'ಸಂಸ್ಕಾರ'ವನ್ನು ಈ ಊರಿಗೆ ತರೋಣ. ಎಲ್ಲ ಕೇರಿಯವರೂ ಒಂದೇ ಚಾಪೆಯ ಮೇಲೆ ಕುಳಿತು ನೋಡೋಣ. ನೋಡಿ ಎದ್ದಮೇಲೆ ಉತ್ತರ ಹೇಳೋಣ.