ಅಪೀಲು ಕಾಯುವ ಕೈದಿಗೆ ಜಾಮೀನು
(ಕಾರ್ಮಿಕರ ಸಭೆಯಲ್ಲಿ ಮಾಡಿದ ಭಾಷಣ)



ಅಂಗಡಿಕಾರ ಮಿತ್ರರು ಹಲವರು ಇಲ್ಲಿ ಕುಳಿತಿದ್ದೀರಿ. ಗಿರಾಕಿಯಿಂದ ಪೂರ್ತಿ ಹಣ ಎಣಿಸಿಕೊಂಡು, 'ತೂಕ ಸರಿಯೋ ತಪ್ಪೋ ಹತ್ತು ವರ್ಷದ ಮೇಲೆ ನೋಡೋಣ' ಎಂದು ನೀವು ಹೇಳಿದರೆ ಬೀದಿಯ ಜನ ಸುಮ್ಮನಿರುತ್ತಾರೆಯೇ? ಕೆಳಕೋರ್ಟಿನಲ್ಲಿ ಶಿಕ್ಷೆಯಾಗಿ, ಮೇಲಿನ ಕೋರ್ಟಿಗೆ ಅಪೀಲು ಹಾಕಿ, ಅದರ ಸರದಿ ಬರುವುದರೊಳಗೆ ಶಿಕ್ಷೆಯನ್ನೇ ಅನುಭವಿಸುವ ಕೈದಿಯ ಪಾಡು ಇದೇ. ಕಡೆಗೆ ಅವನು ನಿರ್ದೋಷಿ ಎಂದು ತೀರ್ಪಾದರೆ, ಹೋದ ವರ್ಷಗಳನ್ನು ಯಾವ ಖಜಾನೆಯಿಂದ ತೆಗೆದುಕೊಡುತ್ತಾರೆ?

1977ರಲ್ಲಿ ಪಂಜಾಬಿನ ಒಬ್ಬ ಜೀವಾವಧಿ ಕೈದಿಯ ಅರ್ಜಿ ಸುಪ್ರೀಂ ಕೋರ್ಟಿನ ಮುಂದೆ ಬಂತು. ಅವನು ಸುಮಾರು ನಾಲ್ಕೂವರೆ ವರ್ಷ ಸೆರೆಯಲ್ಲಿ ಕಳೆದಿದ್ದ. ಅಪೀಲು ಇನ್ನೂ ವಿಚಾರಣೆಗೆ ಬಂದಿರಲಿಲ್ಲ. ಕೊಲೆಯ ಶಿಕ್ಷೆಯಾದವರಿಗೆ ಜಾಮೀನು ಕೊಡದಿರುವುದು ಆಗಿನ ವಾಡಿಕೆ. ಅಪೀಲು ಬೇಗ ತೀರುತ್ತದೆಂಬ ನಂಬಿಕೆಯ ಮೇಲೆ ಆ ವಾಡಿಕೆ ನಿಂತಿದೆ, ಬೇಗ ಕೇಳಲು ಕೋರ್ಟಿಗೇ ಆಗದಿದ್ದರೆ ಬಲವಾದ ಕಾರಣವಿಲ್ಲದೆ ಅವನನ್ನು ಒಳಗಿಡಬಾರದು ಎಂದು ನ್ಯಾಯಮೂರ್ತಿ ಪಿ. ಎನ್. ಭಗವತಿಯವರು ತೀರ್ಮಾನಿಸಿದರು. ಇದಾಗಿ ನಲವತ್ತೈದು ವರ್ಷ ಕಳೆದು 2022 ಬಂದರೂ, ಅಲಹಾಬಾದ್ ಹೈಕೋರ್ಟಿನಲ್ಲಿ ಅಪೀಲು ಬಾಕಿಯಿದ್ದು 14 ವರ್ಷಕ್ಕೂ ಮೇಲ್ಪಟ್ಟು ಸೆರೆಯಲ್ಲಿರುವವರ ಪಟ್ಟಿ ಮಾಡಿ ಎಂದು ಅದೇ ಸುಪ್ರೀಂ ಕೋರ್ಟು ಹೇಳಬೇಕಾಯಿತು!

ಇನ್ನು, ಜಾಮೀನು ಸಿಕ್ಕಿದರೂ ಬಡವ ಹೊರಗೆ ಬಂದಾನೆಂಬ ಭರವಸೆಯಿಲ್ಲ. 1978ರ ಸಂಗತಿ ಕೇಳಿ. ಅಪೀಲು ಹಾಕಿದ್ದ ಮಧ್ಯಪ್ರದೇಶದ ಒಬ್ಬ ಗಾರೆ ಕೆಲಸದವನಿಗೆ ಸುಪ್ರೀಂ ಕೋರ್ಟೇ ಜಾಮೀನು ಕೊಟ್ಟಿತ್ತು. ಕೆಳಗಿನ ಮ್ಯಾಜಿಸ್ಟ್ರೇಟರು 10,000 ರೂಪಾಯಿಗೆ ಹೊಣೆ ಕೇಳಿದರು. ಒಡಹುಟ್ಟಿದವನು ಹೊಣೆಗೆ ನಿಂತ. ಅವನ ಆಸ್ತಿ ಬೇರೆ ಜಿಲ್ಲೆಯಲ್ಲಿದೆ ಎಂದು ಒಪ್ಪಲಿಲ್ಲ. ದಿನಗೂಲಿಯವನು ಅಷ್ಟು ಆಸ್ತಿಯ ಜಾಮೀನುದಾರನನ್ನು ಎಲ್ಲಿಂದ ಹಿಡಿದು ತರಬೇಕು? ನ್ಯಾಯಮೂರ್ತಿ ವಿ. ಆರ್. ಕೃಷ್ಣ ಅಯ್ಯರ್ ಅವರು 1,000 ರೂಪಾಯಿಯ ಸ್ವಂತ ಮುಚ್ಚಳಿಕೆಯ ಮೇಲೆ ಅವನನ್ನು ಬಿಡಿಸಿದರು. ಬಸ್ತರಿನಲ್ಲಿ ಸಿಕ್ಕಿಬಿದ್ದ ಕನ್ನಡಿಗನು ಅಲ್ಲಿ ಆಸ್ತಿವಂತ ಜಾಮೀನುದಾರನನ್ನು ಹೇಗೆ ಹುಡುಕಿಯಾನು ಎಂಬ ಪ್ರಶ್ನೆಯನ್ನೂ ಆ ತೀರ್ಪಿನಲ್ಲಿ ಎತ್ತಿದ್ದಾರೆ. ಮನೆ ಜಮೀನು ಇಲ್ಲದ ನಮ್ಮ ಗಿರಣಿ ಕಾರ್ಮಿಕರಿಗೆ ಇದು ದೂರದ ಮಾತಲ್ಲ.

ಕೊಲೆಗಡುಕರನ್ನು ಊರಿಗೆ ಬಿಡಬೇಕೇ ಎಂದು ಕೇಳುವವರಿದ್ದಾರೆ. ಸತ್ತವನ ಮನೆಯವರ ಭಯವನ್ನು ನಾನು ಹಗುರವೆನ್ನುವುದಿಲ್ಲ. ಫಿರ್ಯಾದಿಯನ್ನು ಹೆದರಿಸುವವನಿಗೆ, ಓಡಿಹೋಗುವವನಿಗೆ, ಕಾರಣ ಬರೆದು ಜಾಮೀನು ನಿರಾಕರಿಸಲಿ. ಆದರೆ ನ್ಯಾಯಾಧೀಶರ ಕುರ್ಚಿ ಖಾಲಿಯಿದೆ, ಕಡತ ಇನ್ನೂ ಬಂದಿಲ್ಲ ಎಂಬುದು ಕೈದಿಯ ತಪ್ಪೇ? ಆ ಕುರ್ಚಿ ತುಂಬಬೇಕಾದವರು ಸರ್ಕಾರದವರು. ಅದರ ದಂಡ ತೆರುವವನು ಇವನು.

ನಿಮ್ಮ ಕೇರಿಯಲ್ಲಿ ಇಂಥವರ ಮನೆಯಿದ್ದರೆ ತೀರ್ಪಿನ ನಕಲು, ಅಪೀಲಿನ ನಂಬರು, ಒಳಗೆ ಕಳೆದ ದಿನಗಳ ಲೆಕ್ಕ ತೆಗೆದುಕೊಂಡು ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರದ ಕಚೇರಿಗೆ ಹೋಗಿ. 1987ರ ಕಾಯಿದೆಯ 12ನೆಯ ಕಲಮಿನಂತೆ ಸೆರೆಯಲ್ಲಿರುವವರಿಗೂ ಕೈಗಾರಿಕಾ ಕಾರ್ಮಿಕರಿಗೂ ಸರ್ಕಾರದ ಖರ್ಚಿನಲ್ಲಿ ವಕೀಲರು ಸಿಗುತ್ತಾರೆ. ಶಿಕ್ಷೆ ತಡೆಹಿಡಿದು ಜಾಮೀನು ಕೊಡುವ ಅಧಿಕಾರ ಹಿಂದೆ 389ನೆಯ ಕಲಮಿನಲ್ಲಿತ್ತು. 2024ರ ಜುಲೈಯಿಂದ ಹೊಸ ಸಂಹಿತೆಯ 430ನೆಯ ಕಲಮಿಗೆ ಬಂದಿದೆ. ಒಮ್ಮೆ ಅರ್ಜಿ ವಜಾ ಆಯಿತೆಂದು ಕೈಬಿಡಬೇಡಿ. ಅಪೀಲು ಹಾಗೆಯೇ ಬಿದ್ದಿದ್ದರೆ, ಇನ್ನೊಂದಷ್ಟು ಕಾಲ ಕಳೆದ ಮೇಲೆ ಅದನ್ನೇ ಕಾರಣವಾಗಿ ತೋರಿಸಿ ಮತ್ತೆ ಅರ್ಜಿ ಹಾಕಿಸಿ.