ಗಣಿ ಮುಚ್ಚಿದ ಮೇಲಿನ ಕೆಜಿಎಫ್

ಬೆಂಗಳೂರಿನ ಬೀದಿಗಳಲ್ಲಿ ವಿದ್ಯುದ್ದೀಪ ಉರಿದದ್ದು 1905ರಲ್ಲಿ. ಶಿವನಸಮುದ್ರದ ಕರೆಂಟು ಅದಕ್ಕೂ ಮೂರು ವರ್ಷ ಮೊದಲೇ, 1902ರಲ್ಲಿ, ಕೋಲಾರದ ಚಿನ್ನದ ಗಣಿಗಳನ್ನು ಮುಟ್ಟಿತ್ತು. ಆ ಗಣಿಗಳ ಊರಾದ ಕೆಜಿಎಫ್‌ನ ಏಳುಬೀಳು ಎರಡೂ ಈ ಸಂಗತಿಯಲ್ಲಿವೆ. ದೀಪ, ಬೇತಮಂಗಲದ ನೀರು, ರೈಲು, ಆಸ್ಪತ್ರೆ, ಕೂಲಿಗಳ ಲೈನ್ ಮನೆ, ಅಲ್ಲಿಗೆ ಬಂದದ್ದೆಲ್ಲ ಗಣಿಯ ಸಲುವಾಗಿ ಬಂತು. ಊರಿಗೆಂದು ಬೇರೆಯಾಗಿ ಯಾರೂ ಏನನ್ನೂ ಕಟ್ಟಲಿಲ್ಲ.

1880ರಲ್ಲಿ ಜಾನ್ ಟೇಲರ್ ಕಂಪನಿ ಕೆಲಸ ಹಿಡಿದಂದಿನಿಂದ 800 ಟನ್ನಿಗೂ ಹೆಚ್ಚು ಚಿನ್ನ ಅಲ್ಲಿಂದ ಮೇಲೆ ಬಂತು. ತಂದವರು ಉತ್ತರ ಆರ್ಕಾಟು, ಸೇಲಂ, ಚಿತ್ತೂರು ಸೀಮೆಗಳ ಬಡವರು, ಬಹುಪಾಲು ದಲಿತರು. ಊರಿನ ಜೀತಕ್ಕಿಂತ ಗಣಿಯ ಕತ್ತಲೇ ವಾಸಿ ಎಂದು ಬಂದವರು ಅವರಲ್ಲಿ ಅನೇಕರು. ಚಾಂಪಿಯನ್ ರೀಫ್ ಗಣಿಯಲ್ಲಿ 3 ಕಿಲೋಮೀಟರಿಗೂ ಆಳಕ್ಕೆ ಇಳಿದರು. ಬಂಡೆ ಸಿಡಿದು ಸತ್ತರು. ಕಲ್ಲಿನ ದೂಳು ಶ್ವಾಸಕೋಶದಲ್ಲಿ ಕೂತು, ಸಿಲಿಕೋಸಿಸ್ ಹತ್ತಿ, ವರ್ಷಗಟ್ಟಲೆ ಕೆಮ್ಮಿ ಸತ್ತವರೂ ಇದ್ದಾರೆ.

ಆಳ ಹೆಚ್ಚಿದಂತೆ ಖರ್ಚು ಏರಿತು, ಅದಿರಿನಲ್ಲಿ ಚಿನ್ನ ತಗ್ಗಿತು. ಮೊದಲಿಗೆ ಟನ್ನಿಗೆ 40 ಗ್ರಾಂ ಮೀರಿ ಸಿಗುತ್ತಿದ್ದದ್ದು ಕೊನೆಗೆ ಮೂರು, ನಾಲ್ಕು ಗ್ರಾಂಗೆ ಬಂತು. ನಷ್ಟದ ಲೆಕ್ಕ ಸುಳ್ಳಲ್ಲ, ಒಪ್ಪುತ್ತೇನೆ. ಆ ಲೆಕ್ಕದಲ್ಲಿ ಜನರನ್ನು ಸೇರಿಸಲೇ ಇಲ್ಲ ಎಂಬುದು ನನ್ನ ತಕರಾರು. 2001ರ ಫೆಬ್ರವರಿ 28ರಂದು ಆಗ ಗಣಿ ನಡೆಸುತ್ತಿದ್ದ ಭಾರತ್ ಗೋಲ್ಡ್ ಮೈನ್ಸ್ ಕಂಪನಿ ಬಾಗಿಲು ಹಾಕಿತು. ಪಂಪುಗಳು ನಿಂತು ಸುರಂಗಗಳಲ್ಲಿ ನೀರು ತುಂಬಿತು. ತಲೆಮಾರುಗಳಿಂದ ಬಾಳಿದ ಮನೆ ತಮ್ಮದು ಹೌದೋ ಅಲ್ಲವೋ ಎಂದು ಕುಟುಂಬಗಳು ಕಾಗದಪತ್ರಕ್ಕೆ ಅಲೆದವು.

ಇವತ್ತು ಮಾರಿಕುಪ್ಪಂನಿಂದ ನಸುಕಿನಲ್ಲೇ ಹೊರಡುವ ರೈಲುಗಳಲ್ಲಿ ಸಾವಿರಾರು ಜನ ಬೆಂಗಳೂರಿಗೆ ದುಡಿಯಲು ಬರುತ್ತಾರೆ, ರಾತ್ರಿ ಮರಳುತ್ತಾರೆ. ಕೆಜಿಎಫ್ ಅನ್ನು ಪಾಳು ಊರು ಎಂದು ಬರೆಯುವವರನ್ನು ಕಂಡರೆ ನನಗೆ ಸಿಟ್ಟು ಬರುತ್ತದೆ. ಊರು ಬಿಡಬಾರದೆಂದೇ ಈ ಜನ ದಿನವೂ ಅಷ್ಟು ದೂರ ಓಡಾಡುತ್ತಿದ್ದಾರೆ.

ಇನ್ನು ಸೈನೈಡ್ ಗುಡ್ಡಗಳು, ಅಂದರೆ ಚಿನ್ನ ತೆಗೆದ ಮೇಲೆ ಉಳಿದ ಅದಿರಿನ ಪುಡಿಯ ರಾಶಿಗಳು. ಗಾಳಿ ಎದ್ದರೆ ಅವುಗಳ ದೂಳು ಮನೆಯೊಳಕ್ಕೆ, ಉಣ್ಣುವ ತಟ್ಟೆಯ ತನಕ ಬರುತ್ತದೆ. 13 ಗುಡ್ಡಗಳಲ್ಲಿ ಅಳಿದುಳಿದ ಚಿನ್ನ ತೆಗೆಯುವ ಕೇಂದ್ರ ಸರ್ಕಾರದ ಪ್ರಸ್ತಾವಕ್ಕೆ 2024ರಲ್ಲಿ ರಾಜ್ಯ ಸರ್ಕಾರ ಒಪ್ಪಿದೆ. ತೆಗೆಯಲಿ. ಆದರೆ ಈ ಸಲ ಲೆಕ್ಕದ ಮೊದಲ ಸಾಲಿನಲ್ಲೇ ದೂಳು ಕುಡಿದವರ ಚಿಕಿತ್ಸೆಯನ್ನು, ಅವರ ಮಕ್ಕಳಿಗೆ ಕೆಜಿಎಫ್‌ನಲ್ಲೇ ಕೆಲಸವನ್ನು ಬರೆಯಬೇಕು. ಕೆಲಸ ಶುರುವಾಗುವ ಮೊದಲೇ ಬರೆಯಬೇಕು.